ಮಾರಲಾಗದ ತಂಡ: ಗ್ರೀನ್ ಬೇ ಪ್ಯಾಕರ್ಸ್, ಒಂದು ಪ್ರಕರಣ ಅಧ್ಯಯನ

1920ರ ದಶಕದಲ್ಲಿ ಅಮೆರಿಕದ ವೃತ್ತಿಪರ ಫುಟ್‌ಬಾಲ್ ಲೀಗ್‌ನಲ್ಲಿ ಚಿಕ್ಕ ಊರುಗಳದೇ ಕಾರುಬಾರು. ಚೆಂಡನ್ನು ಕೈಯಲ್ಲಿ ಹಿಡಿದು ಓಡುವ, ಎಸೆಯುವ ಅಮೆರಿಕನ್ ಫುಟ್‌ಬಾಲ್ ಇದು. ಕ್ಯಾಂಟನ್, ರಾಕ್ ಐಲ್ಯಾಂಡ್, ರಸೀನ್, ಡುಲುತ್, ಪಾಟ್ಸ್‌ವಿಲ್. ಕಾರ್ಖಾನೆ, ಗಣಿ, ಬಂದರು ನಂಬಿಕೊಂಡಿದ್ದ ಊರುಗಳು ಇವು. ಕ್ಯಾಂಟನ್ ತಂಡವಂತೂ 1922 ಮತ್ತು 1923ರಲ್ಲಿ ಸತತ ಎರಡು ಸಲ ಚಾಂಪಿಯನ್ ಆಗಿತ್ತು. ಹತ್ತು ಹದಿನೈದು ವರ್ಷ ಕಳೆಯುವಷ್ಟರಲ್ಲಿ ಇವೆಲ್ಲ ಲೀಗ್‌ನಿಂದ ಮಾಯವಾದವು. ಕೆಲವು ಬಾಗಿಲು ಹಾಕಿದವು. ಕೆಲವನ್ನು ದೊಡ್ಡ ನಗರಗಳು ಎಳೆದುಕೊಂಡವು. ಓಹಾಯೊದ ಪೋರ್ಟ್ಸ್‌ಮತ್ ಎಂಬ ಪುಟ್ಟ ಊರಿನ ತಂಡವನ್ನು 1934ರಲ್ಲಿ ಡೆಟ್ರಾಯಿಟ್‌ಗೆ ಒಯ್ದರು. ಇವತ್ತಿನ ಡೆಟ್ರಾಯಿಟ್ ಲಯನ್ಸ್ ಅಂದರೆ ಅದೇ.

ಉಳಿದುಕೊಂಡಿದ್ದು ಗ್ರೀನ್ ಬೇ ಒಂದೇ. ವಿಸ್ಕಾನ್ಸಿನ್ ರಾಜ್ಯದಲ್ಲಿ, ಮಿಶಿಗನ್ ಸರೋವರದ ಕೊಲ್ಲಿಯ ದಡದಲ್ಲಿರುವ ಊರು. 2020ರ ಜನಗಣತಿಯಲ್ಲಿ ಜನಸಂಖ್ಯೆ ಸುಮಾರು 1,07,000. ಈ ಊರಿನ ತಂಡ ನ್ಯೂಯಾರ್ಕ್, ಶಿಕಾಗೊ, ಲಾಸ್ ಏಂಜಲಿಸ್ ತಂಡಗಳ ಎದುರು ಪ್ರತಿ ವರ್ಷ ಸರಿಸಮನಾಗಿ ಆಡುತ್ತದೆ. 13 ಸಲ ಲೀಗ್ ಚಾಂಪಿಯನ್ ಆಗಿದೆ. ಬೇರೆ ಯಾವ ತಂಡವೂ ಇಷ್ಟು ಸಲ ಗೆದ್ದಿಲ್ಲ.

ಇದು ಹೇಗೆ ಸಾಧ್ಯವಾಯಿತು? ಜನರ ಅಭಿಮಾನ ಅಂತ ಹೇಳಿ ಮುಗಿಸುವುದು ಸುಲಭ. ಆದರೆ ಅಭಿಮಾನ ಪೋರ್ಟ್ಸ್‌ಮತ್‌ನಲ್ಲೂ ಇತ್ತು, ಕ್ಯಾಂಟನ್‌ನಲ್ಲೂ ಇತ್ತು. ಈ ತಂಡದ ನೂರು ವರ್ಷದ ಲೆಕ್ಕ ತೆಗೆದು ನೋಡಿದರೆ ನನಗೆ ಕಾಣುವುದು ಎರಡು ಕಾಗದ. ಒಂದು, 1923ರಲ್ಲಿ ಊರಿನವರು ಬರೆದುಕೊಂಡ ಕಂಪನಿ ನಿಯಮ. ಇನ್ನೊಂದು, 1960ರ ದಶಕದ ಆರಂಭದಲ್ಲಿ ಎದುರಾಳಿ ತಂಡಗಳೇ ಒಪ್ಪಿ ಮಾಡಿಕೊಂಡ ಟಿವಿ ಒಪ್ಪಂದ. ಮೊದಲನೆಯದು ತಂಡ ಊರು ಬಿಡದ ಹಾಗೆ ನೋಡಿಕೊಂಡಿತು. ಎರಡನೆಯದು ಊರಲ್ಲೇ ಇದ್ದು ಬದುಕುವುದಕ್ಕೆ ದುಡ್ಡು ಕೊಟ್ಟಿತು. ಒಂದಿದ್ದು ಇನ್ನೊಂದು ಇಲ್ಲದಿದ್ದರೆ ಇವತ್ತು ಗ್ರೀನ್ ಬೇ ಹೆಸರೂ ಆ ಹಳೆಯ ಪಟ್ಟಿಯಲ್ಲೇ ಇರುತ್ತಿತ್ತು.

ಐದು ಡಾಲರಿನ ಷೇರು

1919ರ ಆಗಸ್ಟ್‌ನಲ್ಲಿ ಕರ್ಲಿ ಲ್ಯಾಂಬೊ ಎಂಬ ಯುವಕ ಮತ್ತು ಸ್ಥಳೀಯ ಪತ್ರಿಕೆಯ ಜಾರ್ಜ್ ಕ್ಯಾಲ್ಹೂನ್ ಸೇರಿ ತಂಡ ಕಟ್ಟಿದರು. ಲ್ಯಾಂಬೊ ಆಗ ಇಂಡಿಯನ್ ಪ್ಯಾಕಿಂಗ್ ಕಂಪನಿಯಲ್ಲಿ ಗುಮಾಸ್ತ. ಮಾಂಸವನ್ನು ಡಬ್ಬಿಗೆ ತುಂಬುವ ಕಂಪನಿ ಅದು. ಸಮವಸ್ತ್ರಕ್ಕೆ ಅಂತ 500 ಡಾಲರ್ ಕೊಟ್ಟಿತು, ತಂಡಕ್ಕೆ ಪ್ಯಾಕರ್ಸ್ ಅನ್ನುವ ಹೆಸರು ಅಲ್ಲಿಂದಲೇ ಬಂತು. ಆಡುತ್ತಿದ್ದ ಮೈದಾನಕ್ಕೆ ಬೇಲಿಯೂ ಇರಲಿಲ್ಲ. ಟಿಕೆಟ್ ಮಾರುವ ಮಾತೇ ಇಲ್ಲ. ಆಟದ ನಡುವೆ ಕ್ಯಾಲ್ಹೂನ್ ಟೋಪಿ ಹಿಡಿದು ಜನರ ನಡುವೆ ಸುತ್ತುತ್ತಿದ್ದರು, ಜನ ಕೈಲಾದಷ್ಟು ಹಾಕುತ್ತಿದ್ದರು.

1921ರಲ್ಲಿ ತಂಡ ಲೀಗ್ ಸೇರಿತು. ಮರುವರ್ಷದ ಆರಂಭದಲ್ಲೇ ಹೊರಬಿತ್ತು. ಕಾಲೇಜು ಆಟಗಾರರನ್ನು ಬೇರೆ ಹೆಸರಿನಲ್ಲಿ ಆಡಿಸಿದ್ದು ಬಯಲಾಗಿತ್ತು. ಲ್ಯಾಂಬೊ ತಪ್ಪೊಪ್ಪಿಕೊಂಡು, ಶುಲ್ಕ ಕಟ್ಟಿ ತಂಡವನ್ನು ಮತ್ತೆ ಲೀಗ್‌ಗೆ ಸೇರಿಸಿದರು. ಆಮೇಲೆ ಮಳೆಯ ಕಾಟ. 1922ರಲ್ಲಿ ಮಳೆ ಬಂದರೆ ನಷ್ಟ ತುಂಬಿಕೊಡುವ ವಿಮೆ ಮಾಡಿಸಿದ್ದರು. ಮಳೆ ಬಂತು, ಜನ ಬರಲಿಲ್ಲ. ಆದರೆ ಬಿದ್ದ ಮಳೆ ವಿಮೆಯ ಷರತ್ತಿಗಿಂತ ಒಂದು ಇಂಚಿನ ನೂರನೇ ಒಂದು ಭಾಗ ಕಡಿಮೆಯಾಯಿತು ಅಂತ ಕಂಪನಿ ಕಾಸು ಕೊಡಲಿಲ್ಲ. ಆ ವರ್ಷದ ಕೊನೆಯ ಹೊತ್ತಿಗೆ ತಂಡಕ್ಕೆ ಆಟಗಾರರ ಸಂಬಳ ಕೊಡುವುದೂ ಕಷ್ಟವಾಗಿತ್ತು.

ಆಗ ಮುಂದೆ ಬಂದವರು ಪ್ರೆಸ್-ಗೆಜೆಟ್ ಪತ್ರಿಕೆಯ ವ್ಯವಸ್ಥಾಪಕ ಆಂಡ್ರ್ಯೂ ಟರ್ನ್‌ಬುಲ್. ಅವರ ಜೊತೆ ಒಬ್ಬ ವಕೀಲ, ಒಬ್ಬ ಡಾಕ್ಟರ್, ಒಬ್ಬ ದಿನಸಿ ವ್ಯಾಪಾರಿ. ಲ್ಯಾಂಬೊ ಸೇರಿ ಐವರು. ಊರಿನಲ್ಲಿ ಇವರಿಗೆ 'ಹಸಿದ ಐವರು' ಅಂತಲೇ ಹೆಸರಾಯಿತು, ಯಾವಾಗಲೂ ತಂಡಕ್ಕಾಗಿ ಚಂದಾ ಕೇಳುತ್ತಿದ್ದರಲ್ಲ. 1923ರ ಆಗಸ್ಟ್‌ನಲ್ಲಿ ತಂಡ ಒಂದು ಕಂಪನಿಯಾಯಿತು. ತಲಾ 5 ಡಾಲರಿನ 1,000 ಷೇರುಗಳು.

ಇಲ್ಲಿ ಸ್ವಲ್ಪ ನಿಲ್ಲಬೇಕು. ದುಡ್ಡು ಎತ್ತುವುದಕ್ಕೆ ಷೇರು ಮಾರುವುದರಲ್ಲಿ ವಿಶೇಷವಿಲ್ಲ. ವಿಶೇಷ ಇರುವುದು ಷರತ್ತುಗಳಲ್ಲಿ. ಇದು ಲಾಭಕ್ಕಾಗಿ ನಡೆಯುವ ಕಂಪನಿ ಅಲ್ಲ. ಷೇರುದಾರರಿಗೆ ಲಾಭಾಂಶ ಇಲ್ಲ. ಇನ್ನೂ ಮುಖ್ಯವಾದದ್ದು: ಯಾವತ್ತಾದರೂ ತಂಡ ಮುಚ್ಚಿದರೆ ಅಥವಾ ಮಾರಾಟವಾದರೆ, ಸಾಲ ತೀರಿಸಿ ಉಳಿದ ಹಣವೆಲ್ಲ ಊರಿನ ಮಾಜಿ ಸೈನಿಕರ ಸಂಘಕ್ಕೆ, ಸೈನಿಕರ ಸ್ಮಾರಕ ಕಟ್ಟುವುದಕ್ಕೆ. ಅಂದರೆ ತಂಡ ಮಾರಿದರೆ ಷೇರುದಾರರಿಗೆ ನಯಾಪೈಸೆ ಸಿಗುವುದಿಲ್ಲ. ಸಿಗದಿದ್ದ ಮೇಲೆ ಯಾರು ಮಾರುತ್ತಾರೆ? ಆಗ ತಂಡದ ಬೆಲೆ ಏನೂ ಇರಲಿಲ್ಲ, ಹಾಗಾಗಿ ಈ ಷರತ್ತಿನ ತೂಕ ಬಹುಶಃ ಬರೆದವರಿಗೇ ಗೊತ್ತಿರಲಿಕ್ಕಿಲ್ಲ. ನೂರು ವರ್ಷದಲ್ಲಿ ತಂಡಗಳ ಬೆಲೆ ನೂರಾರು ಕೋಟಿ ಡಾಲರ್ ದಾಟಿದಾಗ ಆ ಒಂದು ಸಾಲು ಗೋಡೆಯ ಹಾಗೆ ನಿಂತಿತು. 1997ರಲ್ಲಿ ಸ್ಮಾರಕದ ಬದಲು ತಂಡದ್ದೇ ದತ್ತಿ ಸಂಸ್ಥೆಗೆ ಹಣ ಹೋಗುವ ಹಾಗೆ ತಿದ್ದಿದರು. ಮೂಲ ಉದ್ದೇಶ ಹಾಗೇ ಇದೆ.

ಇನ್ನು ಆಟ. 1929ರಲ್ಲಿ ಒಂದೂ ಪಂದ್ಯ ಸೋಲದೆ ಮೊದಲ ಸಲ ಚಾಂಪಿಯನ್ ಆದರು. ಶಿಕಾಗೊದಿಂದ ರೈಲಿನಲ್ಲಿ ಹಿಂದಿರುಗಿದಾಗ ಎದುರುಗೊಳ್ಳಲು ಸುಮಾರು 20,000 ಜನ ಸೇರಿದ್ದರಂತೆ. ಊರಿನ ಜನಸಂಖ್ಯೆಯೇ ಆಗ 40,000 ಇರಲಿಲ್ಲ. 1930, 1931ರಲ್ಲೂ ಅವರೇ ಗೆದ್ದರು. 1935ರಲ್ಲಿ ಡಾನ್ ಹಟ್ಸನ್ ಬಂದ ಮೇಲೆ 1936, 1939, 1944ರಲ್ಲಿ ಮತ್ತೆ ಗೆದ್ದರು. ಓಡುತ್ತಾ ಹೋಗಿ ದೂರದ ಚೆಂಡು ಹಿಡಿಯುವುದು ಒಂದು ಕಲೆ ಅಂತ ಲೀಗ್‌ಗೆ ತೋರಿಸಿಕೊಟ್ಟವನೇ ಹಟ್ಸನ್.

ಗೆಲುವಿನ ನಡುವೆಯೂ ಲೆಕ್ಕದ ಪುಸ್ತಕ ಒದ್ದಾಡುತ್ತಲೇ ಇತ್ತು. 1931ರಲ್ಲಿ ಒಬ್ಬ ಪ್ರೇಕ್ಷಕ ಮರದ ಮೆಟ್ಟಿಲು ಗ್ಯಾಲರಿಯಿಂದ ಬಿದ್ದು ಕೋರ್ಟಿಗೆ ಹೋದ. 5,000 ಡಾಲರಿಗೂ ಜಾಸ್ತಿ ಪರಿಹಾರ ಕೊಡಬೇಕೆಂದು ತೀರ್ಪಾಯಿತು. ವಿಮಾ ಕಂಪನಿ ಅಷ್ಟರಲ್ಲಿ ದಿವಾಳಿಯಾಗಿತ್ತು. ಮೂರು ಸಲ ಚಾಂಪಿಯನ್ ಆದ ತಂಡ ಕೋರ್ಟ್ ನೇಮಿಸಿದ ಆಡಳಿತಾಧಿಕಾರಿಯ ಕೈಗೆ ಹೋಯಿತು. 1935ರಲ್ಲಿ ಮತ್ತೆ ಷೇರು ಮಾರಿ 15,000 ಡಾಲರ್ ಕೂಡಿಸಿ ಬಿಡಿಸಿಕೊಂಡರು.

ಸ್ಥಾಪಕನಿಗೇ ಬೇಡ ಅಂದಿದ್ದು

ಈ ಪ್ರಕರಣದಲ್ಲಿ ನನಗೆ ಎಲ್ಲಕ್ಕಿಂತ ಮುಖ್ಯ ಅನಿಸುವುದು 1949-50ರ ಚಳಿಗಾಲ. ಎರಡನೇ ಮಹಾಯುದ್ಧ ಮುಗಿದ ಮೇಲೆ ಪೈಪೋಟಿಗೆ ಇನ್ನೊಂದು ಲೀಗ್ ಹುಟ್ಟಿಕೊಂಡಿತ್ತು. ಆಟಗಾರರ ಸಂಬಳ ಏರಿತು. ಲ್ಯಾಂಬೊ ಊರಾಚೆ ರಾಕ್‌ವುಡ್ ಲಾಡ್ಜ್ ಎಂಬ ದೊಡ್ಡ ಬಂಗಲೆಯನ್ನು ತಂಡದ ವಾಸಕ್ಕೆ ಅಂತ ಕೊಳ್ಳಿಸಿದ್ದರು, ಅದರ ಖರ್ಚು ಬೇರೆ. 1949ರಲ್ಲಿ 12 ಪಂದ್ಯಗಳಲ್ಲಿ ಗೆದ್ದಿದ್ದು ಎರಡೇ. ಥ್ಯಾಂಕ್ಸ್‌ಗಿವಿಂಗ್ ಹಬ್ಬದ ದಿನ ತಂಡದವರೇ ಎರಡು ಗುಂಪಾಗಿ ತಮ್ಮತಮ್ಮಲ್ಲೇ ಒಂದು ಪಂದ್ಯ ಆಡಿ ಚಂದಾ ಎತ್ತಬೇಕಾಯಿತು. ಹಿಮ ಬೀಳುತ್ತಿದ್ದರೂ ಜನ ಬಂದರು.

ಲ್ಯಾಂಬೊ ಆಗ ಒಂದು ದಾರಿ ಸೂಚಿಸಿದರು. ಹಣವಂತ ಹೂಡಿಕೆದಾರರನ್ನು ತರುತ್ತೇನೆ, ತಂಡವನ್ನು ಲಾಭದ ಕಂಪನಿಯಾಗಿ ಬದಲಾಯಿಸೋಣ. ಉಳಿದ ತಂಡಗಳೆಲ್ಲ ಹಾಗೇ ಇದ್ದವು, ಕೇಳಲು ತಪ್ಪೇನೂ ಇರಲಿಲ್ಲ. ಆಡಳಿತ ಮಂಡಳಿ ಒಪ್ಪಲಿಲ್ಲ. ಮೂವತ್ತು ವರ್ಷ ತಂಡ ಕಟ್ಟಿ, ನಡೆಸಿ, ಆರು ಸಲ ಗೆಲ್ಲಿಸಿದ ಮನುಷ್ಯನಿಗೇ ಊರು ಬೇಡ ಅಂದಿತು. 1950ರ ಜನವರಿಯಲ್ಲಿ ರಾಕ್‌ವುಡ್ ಲಾಡ್ಜ್ ಸುಟ್ಟುಹೋಯಿತು, ಅದರ ವಿಮೆ ಹಣ ಕೈಗೆ ಬಂತು. ಬೆಂಕಿ ಬಿದ್ದು ಒಂದು ವಾರದಲ್ಲಿ ಲ್ಯಾಂಬೊ ರಾಜೀನಾಮೆ ಕೊಟ್ಟು ಶಿಕಾಗೊದ ಬೇರೆ ತಂಡಕ್ಕೆ ಹೋದರು. ಅಂಥವರು ಹೀಗೆ ಹೋಗಬೇಕಾಗಿ ಬಂದಿದ್ದು ಬೇಸರದ ವಿಷಯವೇ. ಆದರೆ ಅವತ್ತು ಹೂಂ ಅಂದಿದ್ದರೆ ಹತ್ತು ವರ್ಷದಲ್ಲಿ ಆ ಹೂಡಿಕೆದಾರರು ತಂಡವನ್ನು ಎಲ್ಲಿಗಾದರೂ ಒಯ್ಯಬಹುದಿತ್ತು.

ಮಂಡಳಿ 25 ಡಾಲರಿನ ಷೇರು ಹಿಡಿದು ಮೂರನೇ ಸಲ ಜನರ ಮುಂದೆ ನಿಂತಿತು. ಒಬ್ಬರಿಗೆ 200 ಷೇರಿಗಿಂತ ಜಾಸ್ತಿ ಇಲ್ಲ ಅಂತ ಮಿತಿ ಹಾಕಿದರು, ಯಾರೂ ತಂಡವನ್ನು ಕೈವಶ ಮಾಡಿಕೊಳ್ಳದಿರಲಿ ಅಂತ. ಸುಮಾರು 1,18,000 ಡಾಲರ್ ಕೂಡಿತು. ಹತ್ತಿರದ ರೈಟ್ಸ್‌ಟೌನ್ ಕಡೆಯ ಹೆಂಗಸೊಬ್ಬರು ಬೆಂಕಿಪೊಟ್ಟಣದಲ್ಲಿ 25 ಡಾಲರ್ ಚಿಲ್ಲರೆ ತುಂಬಿಕೊಂಡು ಬಂದು ಒಂದು ಷೇರು ಕೊಂಡಿದ್ದನ್ನು ಸಂಘಟಕರೊಬ್ಬರು ಆಮೇಲೆ ನೆನೆದಿದ್ದಾರೆ. ಎಲ್ಲವೂ ಕಾಲು ಡಾಲರಿನ ನಾಣ್ಯಗಳು, ಅಂದರೆ ನೂರು ನಾಣ್ಯ. ಲಾಭಾಂಶ ಬರುವುದಿಲ್ಲ, ಮಾರಲಾಗುವುದಿಲ್ಲ ಅಂತ ಗೊತ್ತಿದ್ದೇ ಕೊಟ್ಟ ದುಡ್ಡು.

1956ರಲ್ಲಿ ಹೊಸ ಕ್ರೀಡಾಂಗಣ ಬೇಕಾಯಿತು. ಲೀಗ್‌ನಲ್ಲಿ ಉಳಿಯಬೇಕಿದ್ದರೆ ಹಳೆಯ ಮೈದಾನ ಸಾಲದು ಅಂತ ಎಲ್ಲರಿಗೂ ಗೊತ್ತಿತ್ತು. ನಗರ ಸಾಲ ಎತ್ತಬೇಕೋ ಬೇಡವೋ ಅಂತ ಮತದಾನ ಇಟ್ಟರು. ಹೌದು ಅನ್ನಿ ಅಂತ ಸಭೆಯಲ್ಲಿ ಮಾತಾಡಲು ಬಂದವರು ಯಾರು ಗೊತ್ತೇ? ಜಾರ್ಜ್ ಹ್ಯಾಲಸ್. ಬದ್ಧ ಎದುರಾಳಿ ಶಿಕಾಗೊ ಬೇರ್ಸ್ ತಂಡದ ಮಾಲೀಕ. ಬೇಡ ಅಂದವರಿಗಿಂತ ಬೇಕು ಅಂದವರು ಎರಡು ಪಟ್ಟಿಗೂ ಜಾಸ್ತಿ. 1957ರ ಸೆಪ್ಟೆಂಬರ್ 29ರಂದು ಕ್ರೀಡಾಂಗಣ ಶುರುವಾಯಿತು. ಮೊದಲ ಪಂದ್ಯದಲ್ಲಿ ಹ್ಯಾಲಸ್ ತಂಡವನ್ನೇ 21-17ರಿಂದ ಸೋಲಿಸಿದರು. 1965ರಲ್ಲಿ ಲ್ಯಾಂಬೊ ತೀರಿಕೊಂಡ ಮೇಲೆ ಅದಕ್ಕೆ ಲ್ಯಾಂಬೊ ಫೀಲ್ಡ್ ಅಂತ ಹೆಸರಿಟ್ಟರು.

ಲೊಂಬಾರ್ಡಿ, ಮತ್ತು ಟಿವಿ ದುಡ್ಡು

1958ರಲ್ಲಿ ತಂಡ ಒಂದು ಗೆದ್ದು, ಹತ್ತು ಸೋತು, ಒಂದು ಡ್ರಾ ಮಾಡಿಕೊಂಡಿತು. ಇತಿಹಾಸದಲ್ಲೇ ಅತಿ ಕೆಟ್ಟ ಸೀಸನ್. ಮರುವರ್ಷ ನ್ಯೂಯಾರ್ಕ್ ಜೈಂಟ್ಸ್ ತಂಡದ ಸಹಾಯಕ ಕೋಚ್ ವಿನ್ಸ್ ಲೊಂಬಾರ್ಡಿ ಬಂದರು. ಆಟಗಾರರ ಆಯ್ಕೆಯಿಂದ ಹಿಡಿದು ಎಲ್ಲ ಅಧಿಕಾರ ನನಗೇ ಬೇಕು ಅಂದರು, ಕೊಟ್ಟರು. ಅದೇ ಆಟಗಾರರಲ್ಲಿ ಹೆಚ್ಚಿನವರನ್ನು ಇಟ್ಟುಕೊಂಡು ಮೊದಲ ವರ್ಷವೇ ಏಳು ಪಂದ್ಯ ಗೆದ್ದರು. ಆಮೇಲೆ 1961, 1962, 1965, 1966, 1967. ಏಳು ವರ್ಷದಲ್ಲಿ ಐದು ಚಾಂಪಿಯನ್‌ಶಿಪ್. ಸೀಸನ್ ಕೊನೆಯ ಪ್ರಶಸ್ತಿ ಪಂದ್ಯವಾದ ಸೂಪರ್ ಬೌಲ್‌ನಲ್ಲಿ ಮೊದಲ ಎರಡೂ ಅವರವೇ. ಇವತ್ತು ಸೂಪರ್ ಬೌಲ್ ಗೆದ್ದವರು ಎತ್ತಿ ಹಿಡಿಯುವ ಟ್ರೋಫಿಗೆ ಲೊಂಬಾರ್ಡಿ ಹೆಸರೇ ಇದೆ.

1967ರ ಡಿಸೆಂಬರ್ 31ರ ಪಂದ್ಯದ ಬಗ್ಗೆ ಹೇಳದೆ ಮುಂದೆ ಹೋಗುವ ಹಾಗಿಲ್ಲ. ಎದುರಾಳಿ ಡಲ್ಲಾಸ್ ಕೌಬಾಯ್ಸ್. ಸೊನ್ನೆಗಿಂತ ಕೆಳಗೆ 25 ಡಿಗ್ರಿ ಸೆಲ್ಸಿಯಸ್ ಚಳಿ, ಅದರ ಮೇಲೆ ಗಾಳಿ. ನೆಲದಡಿ ಬಿಸಿ ಮಾಡುವ ತಂತಿ ಹಾಕಿಸಿದ್ದರು, ಅದು ಕೈಕೊಟ್ಟಿತು. ಮೇಲಿನ ಹೊದಿಕೆ ತೆಗೆದ ಕೂಡಲೇ ಹುಲ್ಲಿನ ಮೇಲಿನ ತೇವವೆಲ್ಲ ಮಂಜುಗಡ್ಡೆಯಾಯಿತು. ಅಂಪೈರ್ ಸೀಟಿ ಊದಿದರೆ ಲೋಹದ ಸೀಟಿ ತುಟಿಗೆ ಅಂಟಿಕೊಂಡು ಚರ್ಮ ಕಿತ್ತುಬಂತು. ಆಮೇಲೆ ಆಟವನ್ನೆಲ್ಲ ಬಾಯಲ್ಲಿ ಕೂಗಿಯೇ ನಡೆಸಿದರು. ಸುಮಾರು 50,000 ಜನ ಗ್ಯಾಲರಿಯಲ್ಲಿ ಕೂತಿದ್ದರು. ಐದು ನಿಮಿಷಕ್ಕಿಂತ ಕಡಿಮೆ ಉಳಿದಿದ್ದಾಗ ಡಲ್ಲಾಸ್ 17, ಗ್ರೀನ್ ಬೇ 14. ಗುರಿ 68 ಗಜ ದೂರ. ಜಾರುವ ನೆಲದ ಮೇಲೆ ಕ್ವಾರ್ಟರ್‌ಬ್ಯಾಕ್, ಅಂದರೆ ಚೆಂಡು ಎಸೆದು ದಾಳಿ ನಡೆಸುವ ಆಟಗಾರ, ಬಾರ್ಟ್ ಸ್ಟಾರ್ ತಂಡವನ್ನು ಇಂಚಿಂಚಾಗಿ ಮುಂದೆ ತಂದರು. 16 ಸೆಕೆಂಡ್ ಉಳಿಯಿತು, ಗೆರೆಗೆ ಒಂದು ಗಜ ಕೂಡ ಇಲ್ಲ. ಚೆಂಡು ಒದ್ದು ಮೂರು ಅಂಕ ತಗೊಂಡರೆ ಸಮ ಆಗುತ್ತಿತ್ತು. ಸ್ಟಾರ್ ಲೊಂಬಾರ್ಡಿ ಹತ್ತಿರ ಹೋಗಿ, ಬೇರೆಯವರು ಜಾರುತ್ತಿದ್ದಾರೆ, ನಾನೇ ನುಗ್ಗುತ್ತೇನೆ ಅಂದರು. ಸರಿ ನುಗ್ಗು, ಮುಗಿಸಿ ಮನೆಗೆ ಹೋಗೋಣ ಅನ್ನುವ ಅರ್ಥದ ಉತ್ತರ ಬಂತು. ಮುಂದಿದ್ದ ಜೆರ್ರಿ ಕ್ರೇಮರ್ ದಾರಿ ಬಿಡಿಸಿದರು, ಸ್ಟಾರ್ ನುಗ್ಗಿದರು. 21-17.

ಆ ವರ್ಷಗಳ ನೆನಪಲ್ಲಿ ಎಲ್ಲರೂ ಇದನ್ನೇ ಹೇಳುತ್ತಾರೆ. ಆದರೆ ಗ್ರೀನ್ ಬೇ ಉಳಿಯುವುದನ್ನು ನಿರ್ಧರಿಸಿದ ಸಂಗತಿ ಮೈದಾನದ ಹೊರಗೆ ಆಗಲೇ ನಡೆದುಹೋಗಿತ್ತು. ಅಲ್ಲಿವರೆಗೆ ಪ್ರತಿ ತಂಡ ತನ್ನ ಪಂದ್ಯದ ಟಿವಿ ಹಕ್ಕನ್ನು ತಾನೇ ಮಾರಿಕೊಳ್ಳುತ್ತಿತ್ತು. ನ್ಯೂಯಾರ್ಕ್‌ಗೆ ಜಾಸ್ತಿ ಸಿಗುತ್ತಿತ್ತು, ಗ್ರೀನ್ ಬೇಗೆ ಚೂರುಪಾರು. 1960ರಲ್ಲಿ ಕಮಿಷನರ್, ಅಂದರೆ ಲೀಗ್‌ನ ಮುಖ್ಯಸ್ಥ ಆದ ಪೀಟ್ ರೊಝೆಲ್, ಎಲ್ಲರೂ ಸೇರಿ ಒಂದೇ ಒಪ್ಪಂದ ಮಾಡಿಕೊಂಡು ಸಮನಾಗಿ ಹಂಚಿಕೊಳ್ಳೋಣ ಅಂದರು. ನ್ಯೂಯಾರ್ಕ್, ಶಿಕಾಗೊ, ಲಾಸ್ ಏಂಜಲಿಸ್ ಮಾಲೀಕರು ಒಪ್ಪಿದರು. ಕೈಗೆ ಬರುವ ದುಡ್ಡು ಬಿಟ್ಟುಕೊಟ್ಟು ಒಪ್ಪಿದರು. ಆಡಲು ಎದುರಾಳಿಗಳೇ ಇಲ್ಲದಿದ್ದರೆ ತಮ್ಮ ತಂಡಕ್ಕೂ ಬೆಲೆ ಇಲ್ಲ ಅನ್ನುವುದು ಅವರಿಗೆ ಅರ್ಥವಾಗಿತ್ತು. ಹೀಗೆ ಒಟ್ಟಾಗಿ ಮಾರುವುದು ಕಾನೂನಿಗೆ ವಿರುದ್ಧ ಅಂತ ಕೋರ್ಟ್ ಹೇಳಿದಾಗ 1961ರಲ್ಲಿ ಅಮೆರಿಕದ ಸಂಸತ್ತು ವಿನಾಯಿತಿ ಕೊಡುವ ಕಾನೂನನ್ನೇ ಮಾಡಿತು. ಮರುವರ್ಷ ಶುರುವಾದ ಸಿಬಿಎಸ್ ಟಿವಿ ಸಂಸ್ಥೆಯ ಒಪ್ಪಂದ ವರ್ಷಕ್ಕೆ 46.5 ಲಕ್ಷ ಡಾಲರಿನದು. 14 ತಂಡಗಳಿಗೆ ಸಮಪಾಲು. ಗ್ರೀನ್ ಬೇಗೆ ಸಿಕ್ಕಿದ್ದೂ ನ್ಯೂಯಾರ್ಕ್‌ಗೆ ಸಿಕ್ಕಿದ್ದೂ ಒಂದೇ.

ಷೇರು ಮಾರಾಟದ ಕಥೆಗಳು ಮನಸ್ಸಿಗೆ ಹತ್ತಿರ, ಒಪ್ಪುತ್ತೇನೆ. ಆದರೆ ತೂಕ ಹಾಕಿದರೆ ಈ ಹಂಚಿಕೆಯೇ ಜಾಸ್ತಿ ತೂಗುತ್ತದೆ. 1950ರಲ್ಲಿ ಊರೆಲ್ಲ ಸೇರಿ ಕೂಡಿಸಿದ್ದರ ಸುಮಾರು ಮೂರು ಪಟ್ಟು ಹಣ ಈ ಒಪ್ಪಂದದಿಂದ ಪ್ರತಿ ವರ್ಷ ಬರತೊಡಗಿತು.

ಊರು ಉಳಿಸಿಕೊಂಡಿತು, ಗೆಲ್ಲಿಸಲಾಗಲಿಲ್ಲ

ಲೊಂಬಾರ್ಡಿ ಕೋಚ್ ಸ್ಥಾನ ಬಿಟ್ಟ ಮೇಲೆ 1968ರಿಂದ 1991ರವರೆಗೆ 24 ಸೀಸನ್. ಸೋಲಿಗಿಂತ ಗೆಲುವು ಜಾಸ್ತಿ ಇದ್ದಿದ್ದು ಐದರಲ್ಲಿ. ಪ್ಲೇಆಫ್, ಅಂದರೆ ಪ್ರಶಸ್ತಿಗಾಗಿ ನಡೆಯುವ ನಾಕೌಟ್ ಸುತ್ತು, ತಲುಪಿದ್ದು ಎರಡು ಸಲ, 1972 ಮತ್ತು 1982. ಸ್ಟಾರ್ ಅವರನ್ನೇ ಕೋಚ್ ಮಾಡಿದರು, ಒಂಬತ್ತು ವರ್ಷ ಇಟ್ಟುಕೊಂಡರು. ಹಳೆಯ ಇನ್ನೊಬ್ಬ ಹೀರೋ ಫಾರೆಸ್ಟ್ ಗ್ರೆಗ್ ಅವರನ್ನು ತಂದರು. 1974ರಲ್ಲಿ 34 ವರ್ಷದ ಕ್ವಾರ್ಟರ್‌ಬ್ಯಾಕ್ ಜಾನ್ ಹ್ಯಾಡಲ್‌ಗಾಗಿ ಐದು ಡ್ರಾಫ್ಟ್ ಆಯ್ಕೆಗಳನ್ನು ಬಿಟ್ಟುಕೊಟ್ಟರು. ಅಂದರೆ ಕಾಲೇಜಿನಿಂದ ಬರುವ ಐದು ಒಳ್ಳೆಯ ಹುಡುಗರನ್ನು ಆರಿಸುವ ಹಕ್ಕು ಹೋಯಿತು. ಹ್ಯಾಡಲ್ ಎರಡು ವರ್ಷದೊಳಗೆ ಹೋದರು. ಆ ಪೆಟ್ಟಿನಿಂದ ತಂಡ ಸುಧಾರಿಸಿಕೊಳ್ಳಲು ಬಹಳ ಕಾಲ ಹಿಡಿಯಿತು.

ಈ ಕಾಲವನ್ನು ಗ್ರೀನ್ ಬೇ ಬಗ್ಗೆ ಬರೆಯುವವರು ಬೇಗ ದಾಟಿಬಿಡುತ್ತಾರೆ. ಅಧ್ಯಯನದ ದೃಷ್ಟಿಯಿಂದ ಇದು ಬಹಳ ಬೇಕಾದ ಕಾಲ. ದುಡ್ಡು ಬರುತ್ತಿತ್ತು, ಟಿಕೆಟ್ 1960ರಿಂದ ಪ್ರತಿ ಸೀಸನ್ನೂ ಪೂರ್ತಿ ಮಾರಾಟ, ಜನ ಬಿಟ್ಟುಹೋಗಲಿಲ್ಲ. ಆದರೂ ಸೋಲು. ಒಬ್ಬ ಮಾಲೀಕ ಇಲ್ಲದ ಕಡೆ ತಪ್ಪಿಗೆ ಹೊಣೆ ಯಾರು ಅಂತ ಕೇಳಿದರೆ ಸಮಿತಿ ಕಡೆ ಕೈ ತೋರಿಸಬೇಕು. ಆಟ ಗೊತ್ತಿಲ್ಲದ ಸಮಿತಿ ಸದಸ್ಯರು ಆಟದ ವಿಷಯದಲ್ಲಿ ಕೈ ಹಾಕುತ್ತಿದ್ದರು. ಎಲ್ಲರ ಒಡೆತನಕ್ಕೂ ಒಂದು ಬೆಲೆ ಇದೆ, ಅದನ್ನು ಈ 24 ವರ್ಷ ಕಟ್ಟಿದರು.

ಇದಕ್ಕೆ ಔಷಧಿ ಕಂಡುಹಿಡಿದವರು 1989ರಲ್ಲಿ ಅಧ್ಯಕ್ಷರಾದ ಬಾಬ್ ಹಾರ್ಲನ್. 1991ರ ನವೆಂಬರ್‌ನಲ್ಲಿ ರಾನ್ ವುಲ್ಫ್ ಅವರನ್ನು ಕರೆತಂದು ಆಟಕ್ಕೆ ಸಂಬಂಧಿಸಿದ ಎಲ್ಲ ತೀರ್ಮಾನ ಅವರೊಬ್ಬರದೇ ಅಂತ ಸಮಿತಿಯಿಂದ ಒಪ್ಪಿಗೆ ಪಡೆದರು. ಒಡೆತನ ಸಾವಿರಾರು ಜನರದ್ದು, ತೀರ್ಮಾನ ಒಬ್ಬರದ್ದು. ವುಲ್ಫ್ ಬಂದು ಕೆಲವೇ ತಿಂಗಳಲ್ಲಿ ಬ್ರೆಟ್ ಫಾರ್ವ್ ಎಂಬ ಕ್ವಾರ್ಟರ್‌ಬ್ಯಾಕ್ ಹುಡುಗನಿಗಾಗಿ ಮೊದಲ ಸುತ್ತಿನ ಡ್ರಾಫ್ಟ್ ಆಯ್ಕೆಯೊಂದನ್ನು ಅಟ್ಲಾಂಟಾ ತಂಡಕ್ಕೆ ಕೊಟ್ಟರು. ಹಿಂದಿನ ವರ್ಷ ಫಾರ್ವ್ ಎಸೆದಿದ್ದೇ ನಾಲ್ಕು ಪಾಸ್, ಒಂದೂ ತಮ್ಮವರ ಕೈ ಸೇರಿರಲಿಲ್ಲ. ಅವರು ಗ್ರೀನ್ ಬೇಯಲ್ಲಿ 16 ಸೀಸನ್ ಆಡಿದರು. 1993ರಲ್ಲಿ ಆಟಗಾರರಿಗೆ ಇಷ್ಟ ಬಂದ ತಂಡ ಸೇರುವ ಹಕ್ಕು ಸಿಕ್ಕಿತು. ಚಿಕ್ಕ ಊರಿಗೆ ಇನ್ಯಾರು ಬರುತ್ತಾರೆ ಅಂತ ಹೆದರಿದ್ದರು. ಆ ವರ್ಷ ಎಲ್ಲರೂ ಬಯಸುತ್ತಿದ್ದ ರಕ್ಷಣಾ ಆಟಗಾರ ರೆಜಿ ವೈಟ್ ಬಂದಿದ್ದು ಗ್ರೀನ್ ಬೇಗೇ. ಮರುವರ್ಷದಿಂದ ಎಲ್ಲ ತಂಡಗಳ ಸಂಬಳದ ಮೊತ್ತಕ್ಕೆ ಒಂದೇ ಮಿತಿ ಬಂತು, ಅದೂ ಚಿಕ್ಕ ಊರಿಗೆ ಅನುಕೂಲವಾಯಿತು. 1997ರ ಜನವರಿಯಲ್ಲಿ ನ್ಯೂ ಇಂಗ್ಲೆಂಡ್ ವಿರುದ್ಧ 35-21ರಿಂದ ಗೆದ್ದು ಸೂಪರ್ ಬೌಲ್ ಮತ್ತೆ ತಂದರು.

ಮುಂದಿನದು ಬಹಳ ಜನಕ್ಕೆ ಗೊತ್ತಿರುವುದೇ. ಫಾರ್ವ್ ಇನ್ನೂ ಆಡುತ್ತಿದ್ದಾಗಲೇ 2005ರಲ್ಲಿ ಇನ್ನೊಬ್ಬ ಕ್ವಾರ್ಟರ್‌ಬ್ಯಾಕ್ ಆರನ್ ರಾಜರ್ಸ್ ಅವರನ್ನು ಆರಿಸಿ ಮೂರು ವರ್ಷ ಬೆಂಚಿನ ಮೇಲೆ ಕೂರಿಸಿದರು. 2011ರ ಫೆಬ್ರವರಿಯಲ್ಲಿ ರಾಜರ್ಸ್ ಪಿಟ್ಸ್‌ಬರ್ಗ್ ವಿರುದ್ಧ 31-25ರಿಂದ ಸೂಪರ್ ಬೌಲ್ ಗೆಲ್ಲಿಸಿದರು. ಅದೇ ಪಾಠದಂತೆ 2020ರಲ್ಲಿ ಜೋರ್ಡನ್ ಲವ್ ಅವರನ್ನು ತಂದು ಕಾಯಿಸಿದರು. ನಾಳೆಯೇ ಗೆಲ್ಲಬೇಕು ಅಂತ ಹಟ ಹಿಡಿಯುವ ಮಾಲೀಕ ಇಲ್ಲದಿರುವುದು ಇಂಥ ಕಡೆ ಲಾಭ.

ಈಗಿನ ಲೆಕ್ಕ

ಲೀಗ್ ನಿಯಮದ ಪ್ರಕಾರ ಪ್ರತಿ ತಂಡಕ್ಕೂ ಒಬ್ಬ ಮುಖ್ಯ ಮಾಲೀಕ ಇರಲೇಬೇಕು, ಒಡೆತನ ಬೆರಳೆಣಿಕೆಯ ಜನರ ಕೈಯಲ್ಲೇ ಇರಬೇಕು. ಗ್ರೀನ್ ಬೇ ಹಳೆಯ ತಂಡ ಅಂತ ಅದಕ್ಕೊಂದಕ್ಕೇ ವಿನಾಯಿತಿ. ಅಂದರೆ ಬೇರೆ ಯಾವ ಊರೂ ಈ ದಾರಿ ಹಿಡಿಯುವಂತಿಲ್ಲ. ಗ್ರೀನ್ ಬೇ ಮಾದರಿ ಅಂತ ಹೊಗಳುವಾಗ ಇದನ್ನು ಮರೆಯಬಾರದು.

1997-98ರಲ್ಲಿ 200 ಡಾಲರಿಗೊಂದರಂತೆ ಷೇರು ಮಾರಿ 2.4 ಕೋಟಿ ಡಾಲರ್ ಎತ್ತಿದರು. 2011-12ರಲ್ಲಿ 250 ಡಾಲರ್, 2021-22ರಲ್ಲಿ 300 ಡಾಲರ್. ಷೇರುದಾರರು ಈಗ ಐದು ಲಕ್ಷಕ್ಕೂ ಹೆಚ್ಚು. ಷೇರು ಇದ್ದ ಮಾತ್ರಕ್ಕೆ ಟಿಕೆಟ್ ಸಿಗುವುದಿಲ್ಲ, ಸೀಸನ್ ಟಿಕೆಟ್‌ಗೆ ಕಾಯುವ ಪಟ್ಟಿಯಲ್ಲೇ ಲಕ್ಷಕ್ಕೂ ಹೆಚ್ಚು ಹೆಸರಿವೆ. ಸಿಗುವುದು ವೋಟು, ವಾರ್ಷಿಕ ಸಭೆಗೆ ಕರೆ, ಗೋಡೆಗೆ ಹಾಕಲು ಒಂದು ಪ್ರಮಾಣಪತ್ರ.

ಊರಿನ ಜೇಬಿಗೆ ಕೈ ಹಾಕಿದ್ದು ಷೇರಿನಿಂದ ಮಾತ್ರ ಅಲ್ಲ. 2000ದಲ್ಲಿ ಲ್ಯಾಂಬೊ ಫೀಲ್ಡ್ ನವೀಕರಣಕ್ಕೆ ಜಿಲ್ಲೆಯಲ್ಲಿ ಡಾಲರಿಗೆ ಅರ್ಧ ಸೆಂಟ್ ಮಾರಾಟ ತೆರಿಗೆ ಹಾಕುವ ಬಗ್ಗೆ ಮತದಾನ ನಡೆದಾಗ ಪರವಾಗಿ ಬಿದ್ದಿದ್ದು ಸುಮಾರು 53 ಶೇಕಡಾ ಮಾತ್ರ. ಉಳಿದವರ ವಾದದಲ್ಲಿ ಹುರುಳಿತ್ತು ಅಂತಲೇ ನನ್ನ ಅಭಿಪ್ರಾಯ. ಪಂದ್ಯ ನೋಡದವರೂ ಸೋಪು ಕೊಂಡಾಗ ತೆರಿಗೆ ಕಟ್ಟಬೇಕಿತ್ತು. ಕೆಲಸಕ್ಕೆ ಆಗಿದ್ದು 29.5 ಕೋಟಿ ಡಾಲರ್. ತೆರಿಗೆ 2015ರಲ್ಲಿ ನಿಂತಿತು.

ಷೇರುದಾರರು ಇಷ್ಟು ಜನ ಇರುವುದರಿಂದ ಪ್ರತಿ ವರ್ಷ ಲೆಕ್ಕಪತ್ರ ಬಹಿರಂಗಪಡಿಸುವ ತಂಡ ಇದೊಂದೇ. 2024ರ ವರದಿಯಲ್ಲಿ ಲೀಗ್‌ನಿಂದ ಬಂದ ಪಾಲೇ 40 ಕೋಟಿ ಡಾಲರ್ ದಾಟಿದೆ. ಲೀಗ್‌ನ ಉಳಿದ ತಂಡಗಳಿಗೆ ಎಷ್ಟು ಪಾಲು ಹೋಗುತ್ತದೆ ಅಂತ ಪತ್ರಕರ್ತರು ತಿಳಿದುಕೊಳ್ಳುವುದೂ ಈ ವರದಿ ನೋಡಿಯೇ. ಕಷ್ಟ ಬಂದರೆ ಕೈಯಿಂದ ಹಾಕುವ ಕೋಟ್ಯಧಿಪತಿ ಇಲ್ಲ, ಹಾಗಾಗಿ 50 ಕೋಟಿ ಡಾಲರಿಗೂ ಹೆಚ್ಚು ಆಪದ್ಧನ ಕೂಡಿಟ್ಟಿದ್ದಾರೆ. ಕಾರ್ಯಕಾರಿ ಸಮಿತಿಯ ಏಳು ಜನರಲ್ಲಿ ಸಂಬಳ ಪಡೆಯುವವರು ಅಧ್ಯಕ್ಷರೊಬ್ಬರೇ. ಅವರೂ 70 ವರ್ಷ ತುಂಬಿದಾಗ ನಿಯಮದಂತೆ ಇಳಿಯಬೇಕು. 2025ರ ಜುಲೈಯಲ್ಲಿ ಮಾರ್ಕ್ ಮರ್ಫಿ ಹಾಗೆಯೇ ಇಳಿದರು, ಮಂಡಳಿ ಆರಿಸಿದ ಎಡ್ ಪಾಲಿಸಿ ಆ ಕುರ್ಚಿಗೆ ಬಂದರು.